ಉತಾರದಲ್ಲಿ ಯಾರ ಹೆಸರು?

ಮೈಕಿನ ಮುಂದೆ ಕೂತಾಗ ಎರಡು ಹಾಡುಗಳ ನಡುವೆ ನನಗೆ ಸಿಗುವುದು ಹೆಚ್ಚೆಂದರೆ ಎರಡು ನಿಮಿಷ. ಇವತ್ತು ಹೇಳಬೇಕೆಂದಿರುವುದು ಎರಡು ನಿಮಿಷದಲ್ಲಿ ಮುಗಿಯುವ ಮಾತಲ್ಲ. ಅದಕ್ಕೇ ನಮ್ಮ ಈ ಪುಟಗಳಲ್ಲಿ ಬರೆಯುತ್ತಿದ್ದೇನೆ.

ಹೋದ ವರ್ಷ ನನ್ನ ತಂದೆ ತೀರಿಕೊಂಡರು. ಊರಿನಲ್ಲಿ ಕಾರ್ಯವನ್ನೆಲ್ಲ ಮುಗಿಸಿ ಮುಂಬಯಿಗೆ ಮರಳಿ ಒಂದು ತಿಂಗಳೂ ಆಗಿರಲಿಲ್ಲ, ಧಾರವಾಡ ಜಿಲ್ಲೆಯ ನಮ್ಮ ಹಳ್ಳಿಯಿಂದ ಕಾಕಾ ಫೋನು ಮಾಡಿದರು. "ತಮ್ಮಾ, ಉತಾರದಾಗ ಇನ್ನೂ ಅಜ್ಜನ ಹೆಸರ ಐತಿ. ಬ್ಯಾಂಕಿನವ್ರು ಬೆಳಿ ಸಾಲ ಕೊಡಂಗಿಲ್ಲ ಅಂತಾರ. ಪೌತಿ ಮಾಡಸ್ಬೇಕು. ಒಮ್ಮೆ ಬಂದು ಸಹಿ ಹಾಕಿ ಹೋಗು" ಎಂದರು.

ಅಜ್ಜ ತೀರಿಕೊಂಡದ್ದು 1987ರಲ್ಲಿ. ನಾನು ಅವರನ್ನು ಕಂಡವನೇ ಅಲ್ಲ. ಆದರೆ ಸರ್ಕಾರದ ಕಾಗದದಲ್ಲಿ ನಮ್ಮ ಒಂಬತ್ತು ಎಕರೆ ಎರೆಹೊಲಕ್ಕೆ ಇವತ್ತಿಗೂ ಅವರೇ ಯಜಮಾನರು! ಇಷ್ಟು ವರ್ಷ ಕಾಕಾ ಉತ್ತಿದ್ದಾರೆ, ಬಿತ್ತಿದ್ದಾರೆ, ತೆರಿಗೆ ಕಟ್ಟಿದ್ದಾರೆ. ತಂದೆ ವರ್ಷಕ್ಕೊಮ್ಮೆ ಹೋಗಿ ಜೋಳದ ಚೀಲ ತಂದಿದ್ದಾರೆ. ಹೆಸರಿನ ಗೊಡವೆಗೆ ಯಾರೂ ಹೋಗಿರಲಿಲ್ಲ.

ಕಾಕಾ ಮಾಡಿಸಿಟ್ಟಿದ್ದ ವಂಶಾವಳಿಯ ಕಾಗದವನ್ನು ಊರಿಗೆ ಹೋಗಿ ನೋಡಿದೆ. ಅಜ್ಜ, ಅವರ ಕೆಳಗೆ ಇಬ್ಬರು ಗಂಡುಮಕ್ಕಳು, ಅಷ್ಟೇ. ನನ್ನ ಸೋದರತ್ತೆಯ ಹೆಸರಿರಲಿಲ್ಲ. ಕೇಳಿದ್ದಕ್ಕೆ ಕಾಕಾ, "ಆಕಿನ್ನ 78ರಾಗ ಲಗ್ನ ಮಾಡಿ ಕೊಟ್ಟೇವಿ. ಅಪ್ಪ ಹೋದಮ್ಯಾಲೆ ನಾನೂ ನಿಮ್ಮಪ್ಪಾನೂ ಬಾಯಿಮಾತಿನ್ಯಾಗ ವಾಟ್ನಿ ಮಾಡ್ಕೊಂಡೇವಿ. ಮುಗೀತಲ್ಲ" ಎಂದರು. ಅವರ ಮಾತಿನಲ್ಲಿ ಕಪಟವಿರಲಿಲ್ಲ. ಲೋಕವೆಲ್ಲ ಮಾಡಿದ್ದನ್ನೇ ಅವರೂ ಮಾಡಿದ್ದರು. ಆದರೆ ನನಗೆ ಆ ಕಾಗದದ ಮೇಲೆ ಸಹಿ ಮಾಡಲು ಕೈ ಬರಲಿಲ್ಲ. ನಾಲ್ಕು ದಿನ ತಡೆಯಿರಿ ಎಂದು ಹೇಳಿ ಓದಲು ಕೂತೆ. ಓದುತ್ತ ಹೋದಂತೆ ನಮ್ಮ ಮನೆಯ ಒಂದು ಹಾಳೆಯ ಹಿಂದೆ ಒಂಬೈನೂರು ವರ್ಷದ ಇತಿಹಾಸವಿದೆ ಎಂದು ತಿಳಿಯಿತು.

ಕಲ್ಯಾಣದಲ್ಲಿ ಹುಟ್ಟಿದ ಕಾನೂನು

ಮೊದಲು ಪಾಲಿನ ಮಾತು. ನಾವಿರುವ ಮುಂಬಯಿ, ಪುಣೆ, ಚೆನ್ನೈ, ಹೈದರಾಬಾದು, ದಿಲ್ಲಿ ಎಲ್ಲ ಕಡೆಯೂ ಹಿಂದೂ ಅವಿಭಕ್ತ ಕುಟುಂಬದ ಆಸ್ತಿಯ ಮೊಕದ್ದಮೆಯಲ್ಲಿ ವಕೀಲರು ಒಂದು ಹೆಸರನ್ನು ಹೇಳುತ್ತಾರೆ, 'ಮಿತಾಕ್ಷರ'. ಈ ಪುಸ್ತಕ ಬರೆದವನು ವಿಜ್ಞಾನೇಶ್ವರ. ಬರೆದದ್ದು ನಮ್ಮ ಕಲ್ಯಾಣದಲ್ಲಿ, ಅಂದರೆ ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ! ಕ್ರಿ.ಶ. 1076ರಿಂದ 1126ರ ತನಕ ಆಳಿದ ಚಾಲುಕ್ಯ ಚಕ್ರವರ್ತಿ ಆರನೇ ವಿಕ್ರಮಾದಿತ್ಯನ ಆಶ್ರಯದಲ್ಲಿ ಅವನಿದ್ದ. ಕಲಬುರಗಿ ಜಿಲ್ಲೆಯ ಮರ್ತೂರು ಅವನ ಊರೆಂದು ಆ ಕಡೆಯ ಜನ ಅಭಿಮಾನದಿಂದ ಹೇಳುತ್ತಾರೆ.

ಮಿತಾಕ್ಷರ ಎಂಬುದು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ವ್ಯಾಖ್ಯಾನ. ಅದರ ಮುಖ್ಯ ವಾದ ಇಷ್ಟು. ಪಿತ್ರಾರ್ಜಿತ ಆಸ್ತಿಯಲ್ಲಿ ಮಗನಿಗೆ ಹಕ್ಕು ಬರುವುದು ತಂದೆ ಸತ್ತ ಮೇಲಲ್ಲ, ಅವನು ಹುಟ್ಟಿದ ಗಳಿಗೆಯಲ್ಲೇ. ಬಂಗಾಳದ ಜೀಮೂತವಾಹನ ತನ್ನ 'ದಾಯಭಾಗ'ದಲ್ಲಿ ಇದನ್ನು ಒಪ್ಪಲಿಲ್ಲ. ತಂದೆ ಬದುಕಿರುವ ತನಕ ಮಗನಿಗೆ ಹಕ್ಕಿಲ್ಲ ಎಂದ. ಹಾಗಾಗಿ ಬಂಗಾಳ, ಅಸ್ಸಾಮಿನ ಕಡೆ ದಾಯಭಾಗ ನಡೆದರೆ, ಭಾರತದ ಉಳಿದ ಬಹುಭಾಗದಲ್ಲಿ ಕಲ್ಯಾಣದ ಮಿತಾಕ್ಷರವೇ ನಡೆಯಿತು. 1810ರಲ್ಲಿ ಕೋಲ್‌ಬ್ರೂಕ್ ಎಂಬ ಆಂಗ್ಲ ವಿದ್ವಾಂಸ ಈ ಎರಡನ್ನೂ ಇಂಗ್ಲಿಷಿಗೆ ತಂದ ಮೇಲೆ ಕಂಪನಿ ಸರ್ಕಾರದ ನ್ಯಾಯಾಲಯಗಳಿಗೆ ಇವೇ ಕೈಪಿಡಿಗಳಾದವು.

ಹೆಂಗಸರ ಬಗ್ಗೆ ವಿಜ್ಞಾನೇಶ್ವರ ಪೂರ್ತಿ ಕಣ್ಣು ಮುಚ್ಚಿದವನಲ್ಲ. ಮದುವೆಯಾಗದ ಮಗಳಿಗೆ ಕಾಲುಪಾಲು ಕೊಡಬೇಕೆಂದಿದ್ದಾನೆ. ಗಂಡುಮಕ್ಕಳಿಲ್ಲದೆ, ಬೇರೆಯಾಗಿದ್ದು ಸತ್ತವನ ಆಸ್ತಿ ಹೆಂಡತಿಗೆ ಎಂದಿದ್ದಾನೆ. ಆದರೆ ಹುಟ್ಟಿನಿಂದ ಬರುವ ಆ ದೊಡ್ಡ ಹಕ್ಕನ್ನು ಮಗನಿಗೆ ಮಾತ್ರ ಇಟ್ಟ. ನಮ್ಮ ಕಾಕಾ ಹೇಳಿದ ಮಾತಿನ ಬೇರು ಅಲ್ಲಿದೆ.

ಕನ್ನಡನಾಡಿನಲ್ಲೇ ಇದಕ್ಕೆ ತಿರುಗಿದ ಇನ್ನೊಂದು ಪದ್ಧತಿಯೂ ಇತ್ತು. ತುಳುನಾಡಿನ ಅಳಿಯಸಂತಾನ. ಅಲ್ಲಿ ವಂಶ ಎಣಿಸುವುದು ತಾಯಿಯ ಕಡೆಯಿಂದ, ಕುಟುಂಬದ ಭೂಮಿ ಇಳಿಯುವುದು ಹೆಣ್ಣಿನ ಸಾಲಿನಲ್ಲಿ. ಮುಂಬಯಿಯ ನಮ್ಮ ತುಳು ಬಾಂಧವರಿಗೆ ಇದನ್ನು ನಾನು ಹೇಳಿಕೊಡಬೇಕಾಗಿಲ್ಲ. ಮದ್ರಾಸಿನ ಶಾಸನಸಭೆ 1949ರಲ್ಲಿ ಅಳಿಯಸಂತಾನ ಕಾಯ್ದೆ ಮಾಡಿ ಅಂಥ ಕುಟುಂಬಗಳು ಪಾಲಾಗಲು ದಾರಿ ಮಾಡಿತು.

ಕಡತ, ಸರಪಳಿ, ಗುಂಟೆ

ಇನ್ನು ಕಾಗದದ ಮಾತು. ಹಳೆಯ ಕಾಲದಲ್ಲಿ ಭೂಮಿಯ ದಾಖಲೆಯೆಂದರೆ ದೇವಸ್ಥಾನಕ್ಕೋ ಬ್ರಾಹ್ಮಣರಿಗೋ ಕೊಟ್ಟ ದಾನದ ಶಾಸನ. ನಾಲ್ಕೂ ದಿಕ್ಕಿನ ಗಡಿ ಹೇಳಿ, ಕೊನೆಗೆ ಈ ಭೂಮಿಗೆ ಆಸೆಪಟ್ಟವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆಂದು ಶಾಪ ಕೆತ್ತುತ್ತಿದ್ದರು. ಅಷ್ಟು ದೊಡ್ಡ ಶಾಪ ಬೇಕಾಗಿತ್ತೆಂದರೆ ಜಗಳವೂ ಅಷ್ಟೇ ದೊಡ್ಡದಿತ್ತು ಅಂತ ತಾನೆ? ಸಾಮಾನ್ಯ ರೈತನ ಲೆಕ್ಕ ಇರುತ್ತಿದ್ದುದು ಶಾನುಭೋಗರ ಹತ್ತಿರ, ಕಡತದಲ್ಲಿ. ಬಟ್ಟೆಗೆ ಇದ್ದಿಲು ಮತ್ತು ಹುಣಸೆಬೀಜದ ಸರಿ ಹಚ್ಚಿ ಕಪ್ಪು ಮಾಡಿ, ಬಳಪದಿಂದ ಬರೆಯುತ್ತಿದ್ದ ಮಡಿಕೆ ಪುಸ್ತಕ ಅದು. ಒರೆಸಿ ಮತ್ತೆ ಬರೆಯಲೂ ಬರುತ್ತಿತ್ತು! ಶಾನುಭೋಗರ ಮನೆತನಕ್ಕೆ ಹಳ್ಳಿಯಲ್ಲಿ ಅಷ್ಟು ಗೌರವ, ಅಷ್ಟೇ ಭಯ ಏಕಿತ್ತು ಎಂಬುದು ಇದರಿಂದ ತಿಳಿಯುತ್ತದೆ.

1799ರಲ್ಲಿ ಟಿಪ್ಪು ಸುಲ್ತಾನ್ ಮಡಿದ ಮೇಲೆ ಕೆನರಾ ಕಂಪನಿಯ ಕೈಗೆ ಬಂತು. ಕಲೆಕ್ಟರಾಗಿ ಬಂದವನು ಥಾಮಸ್ ಮನ್ರೋ. ಆಮೇಲೆ ಬಳ್ಳಾರಿ ಸೇರಿದ ದತ್ತ ಮಂಡಲಕ್ಕೂ ಅವನೇ ಹೋದ, 1820ರಲ್ಲಿ ಮದ್ರಾಸಿನ ಗವರ್ನರನೂ ಆದ. ಚೆನ್ನೈನ ಗೆಳೆಯರು ಮೌಂಟ್ ರೋಡಿನಲ್ಲಿ ಕುದುರೆ ಏರಿ ಕೂತ ಅವನ ಪ್ರತಿಮೆಯನ್ನು ನೋಡಿಯೇ ಇರುತ್ತೀರಿ. ನಡುವೆ ಜಮೀನ್ದಾರರಿಲ್ಲದೆ ರೈತನ ಹತ್ತಿರವೇ ನೇರವಾಗಿ ಕಂದಾಯ ಎತ್ತುವ ರೈತವಾರಿ ಪದ್ಧತಿ ಅವನ ಹೆಸರಿನೊಂದಿಗೆ ಸೇರಿಕೊಂಡಿದೆ.

ಮುಂಬಯಿ ಪ್ರಾಂತದಲ್ಲಿ ಗೋಲ್ಡ್‌ಸ್ಮಿಡ್ ಮತ್ತು ವಿಂಗೇಟ್ ಎಂಬ ಇಬ್ಬರು 1830ರ ದಶಕದಲ್ಲಿ ಪುಣೆ ಜಿಲ್ಲೆಯ ಇಂದಾಪುರದಿಂದ ಹೊಸ ಅಳತೆ ಶುರುಮಾಡಿದರು. ಮುಂದಿನ ದಶಕದಲ್ಲಿ ಅದು ಧಾರವಾಡದ ಸೀಮೆಗೂ ಬಂತು. ಪ್ರತಿ ಹೊಲಕ್ಕೂ ಸರ್ವೆ ನಂಬರು, ಮೂಲೆಗೆ ಕಲ್ಲು, ಮೂವತ್ತು ವರ್ಷಕ್ಕೆ ನಿಗದಿಯಾದ ಕಂದಾಯ. 33 ಅಡಿ ಉದ್ದ, 33 ಅಡಿ ಅಗಲದ ತುಂಡು ಒಂದು ಗುಂಟೆ. ಅಂಥ 40 ಗುಂಟೆಗೆ ಒಂದು ಎಕರೆ. 1860ರ ದಶಕದಲ್ಲಿ ಮೈಸೂರೂ ಇದೇ ಮಾದರಿಯ ಅಳತೆಗೆ ಇಳಿಯಿತು. ನಿಜಾಮರ ರಾಜ್ಯವೂ ಮುಂದೆ ಮುಂಬಯಿಯ ದಾರಿಯನ್ನೇ ಹಿಡಿಯಿತು.

ಇಲ್ಲಿ ಒಂದು ಮಾತನ್ನು ಗಮನಿಸಬೇಕು. ಇಷ್ಟೆಲ್ಲ ಅಳೆದದ್ದು ಹೊಲ ಯಾರದು ಎಂದು ತೀರ್ಮಾನಿಸುವುದಕ್ಕಲ್ಲ, ಕಂದಾಯ ಯಾರು ಕಟ್ಟುತ್ತಾರೆ ಎಂದು ತಿಳಿಯುವುದಕ್ಕೆ. ಮನೆಯಲ್ಲಿ ಐದು ಮಂದಿ ಪಾಲುದಾರರಿದ್ದರೂ ಹಿರಿಯನೊಬ್ಬನ ಹೆಸರು ಬರೆದರೆ ಸರ್ಕಾರಕ್ಕೆ ಸಾಕಾಗಿತ್ತು. ಹಿರಿಯ ಸತ್ತು, ಮಕ್ಕಳು ಬೇರೆಯಾಗಿ, ಒಬ್ಬ ಮಾರಿ, ಇನ್ನೊಬ್ಬ ಸಾಲಕ್ಕೆ ಬಿಟ್ಟು ಹತ್ತಾರು ವರ್ಷ ಕಳೆದರೆ ಪುಸ್ತಕಕ್ಕೂ ಹೊಲಕ್ಕೂ ಸಂಬಂಧವೇ ಉಳಿಯುತ್ತಿರಲಿಲ್ಲ. ಇದನ್ನು ಸರಿಪಡಿಸಲು ಮುಂಬಯಿ ಸರ್ಕಾರ 1903ರಲ್ಲಿ ಹಕ್ಕುದಾಖಲೆ ಕಾಯ್ದೆ ತಂದಿತು. ಹಕ್ಕು ಬದಲಾದಾಗಲೆಲ್ಲ ವರ್ದಿ ಕೊಡಬೇಕು, ತಲಾಟಿ ಅದನ್ನು ಪುಸ್ತಕದಲ್ಲಿ ಏರಿಸಬೇಕು. ಮೈಸೂರು ಸಂಸ್ಥಾನದಲ್ಲಿ ಅಂಥ ಕಾಯ್ದೆ 1927ರಲ್ಲಿ ಆಯಿತು.

ಸಾತ್‌ಬಾರಾ, ಅಡಂಗಲ್, ಪಹಣಿ

1956ರ ನವೆಂಬರ್ 1ರಂದು ನಾವೆಲ್ಲ ಒಂದು ರಾಜ್ಯವಾದಾಗ ಊರುಗಳ ಜೊತೆ ಪುಸ್ತಕಗಳೂ ಬಂದವು. ಬೆಳಗಾವಿ, ಧಾರವಾಡ, ವಿಜಾಪುರ, ಕಾರವಾರದ ದಾಖಲೆ ಮುಂಬಯಿ ಕ್ರಮದ್ದು. ಹಳೆಯವು ಎಷ್ಟೋ ಮೋಡಿ ಲಿಪಿಯಲ್ಲಿ. ದಕ್ಷಿಣ ಕನ್ನಡದ್ದು ಮದ್ರಾಸಿನ ಅಡಂಗಲ್. ಬೀದರ್, ಗುಲಬರ್ಗಾ, ರಾಯಚೂರಿನದು ಹೈದರಾಬಾದಿನ ಪಹಣಿ, ಉರ್ದುವಿನಲ್ಲಿ. ಕೊಡಗಿನ ಜಮ್ಮಾ ಭೂಮಿಯದು ಬೇರೆಯೇ ಕಥೆ. ಹೀಗೆ ನಾವು ಹೊಟ್ಟೆಪಾಡಿಗೆ ಬಂದು ನೆಲೆಸಿದ ಈ ಊರುಗಳಿಂದಲೇ ಒಂದು ಕಾಲದಲ್ಲಿ ನಮ್ಮ ಹೊಲಗಳ ಕಾನೂನು ಬರುತ್ತಿತ್ತು. ಪಕ್ಕದ ಮನೆಯ ಮರಾಠಿ ಕಾಕು ಸಾತ್‌ಬಾರಾ ಎಂದಾಗ, ಚೆನ್ನೈನ ಗೆಳೆಯ ಚಿಟ್ಟಾ, ಅಡಂಗಲ್ ಎಂದಾಗ, ಅದು ನಮ್ಮ ಪಹಣಿಯ ಒಡಹುಟ್ಟು ಎಂದೇ ತಿಳಿಯಿರಿ.

ಹೊಸ ರಾಜ್ಯ ಇವನ್ನೆಲ್ಲ 1964ರ ಭೂಕಂದಾಯ ಕಾಯ್ದೆಯಲ್ಲಿ ಒಂದುಗೂಡಿಸಿತು. ಈಗಿನ ಆರ್‌ಟಿಸಿ ಅಲ್ಲಿಂದ ಬಂದದ್ದು. ವಂಶಪಾರಂಪರ್ಯದ ಶಾನುಭೋಗಿಕೆ, ಪಟೇಲಿಕೆಗಳು 1963ರ ಫೆಬ್ರವರಿ 1ರಿಂದ ರದ್ದಾದವು. ಸಂಬಳದ ಗ್ರಾಮಲೆಕ್ಕಿಗರು ಬಂದರು. ಈಗ ಅವರನ್ನು ಗ್ರಾಮ ಆಡಳಿತ ಅಧಿಕಾರಿ ಎನ್ನುತ್ತಾರೆ.

ಆರ್‌ಟಿಸಿಯ 9ನೇ ಕಾಲಂನಲ್ಲಿ ಖಾತೆದಾರನ ಹೆಸರಿರುತ್ತದೆ. 10ನೆಯದರಲ್ಲಿ ಆ ಭೂಮಿ ಹೇಗೆ ಬಂತು, 11ರಲ್ಲಿ ಸಾಲಸೋಲ, 12ರಲ್ಲಿ ಉಳುವವನ ಹೆಸರು. ಈ 12ನೇ ಕಾಲಂ ಒಂದು ಕಾಲದಲ್ಲಿ ಲಕ್ಷಾಂತರ ಮಂದಿಯ ಹಣೆಬರಹವನ್ನೇ ಬದಲಿಸಿತು. ದೇವರಾಜ ಅರಸರ ಕಾಲದ ಭೂಸುಧಾರಣೆಯಲ್ಲಿ 1974ರ ಮಾರ್ಚ್ 1ರಿಂದ ಗೇಣಿಯ ಭೂಮಿ ಸರ್ಕಾರದ ವಶವಾಯಿತು. ಗೇಣಿದಾರ ನಮೂನೆ 7ರಲ್ಲಿ ಅರ್ಜಿ ಕೊಟ್ಟು ಭೂನ್ಯಾಯಮಂಡಳಿಯ ಮುಂದೆ ತನ್ನ ಉಳುಮೆಯನ್ನು ತೋರಿಸಬೇಕಾಯಿತು. ಪಹಣಿಯಲ್ಲಿ ಹೆಸರಿದ್ದವನ ಕೆಲಸ ಸುಲಭವಾಯಿತು, ಹೆಸರಿಲ್ಲದ ಬಡವ ಸಾಕ್ಷಿ ಹುಡುಕುತ್ತ ಅಲೆದ. ಹೊಲವನ್ನು ಲಾವಣಿಗೆ ಹಾಕಿ ಮುಂಬಯಿ ಸೇರಿದ್ದ ಎಷ್ಟೋ ಮನೆಗಳು ಹೊಲ ಕಳೆದುಕೊಂಡವು. ತಲೆಮಾರುಗಳಿಂದ ಬೆವರು ಸುರಿಸಿದ ಎಷ್ಟೋ ಮನೆಗಳು ಮೊದಲ ಬಾರಿಗೆ ಹೊಲದ ಒಡೆತನ ಕಂಡವು. ನಮ್ಮ ಕೇಳುಗರಲ್ಲಿ ಎರಡೂ ಬಗೆಯವರಿದ್ದೀರಿ ಎಂದು ನಿಮ್ಮ ಪತ್ರಗಳಿಂದ ಬಲ್ಲೆ.

ಒಂಬತ್ತು ಎಕರೆಯ ಲೆಕ್ಕ

ಈಗ ನಮ್ಮ ಅತ್ತೆಯ ಪಾಲಿಗೆ ಬರುತ್ತೇನೆ. ಮಗಳಿಗೆ ಪಾಲು ಬಂದದ್ದು ಒಂದೇ ದಿನದಲ್ಲಲ್ಲ. ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯ್ದೆ ಮಾಡಿ, ಮನೆ ಪಾಲಾಗುವಾಗ ತಾಯಿ, ವಿಧವೆ, ಮದುವೆಯಾಗದ ಮಗಳಿಗೆ ಭಾಗ ಕೊಡಬೇಕೆಂದಿತು. ಆಮೇಲೆ ಇಡೀ ದೇಶಕ್ಕೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂತು. ಅದರಲ್ಲಿ ಮಗಳಿಗೂ ಪಾಲುಂಟು, ಆದರೆ ಲೆಕ್ಕ ನೋಡಿ.

ತಂದೆ, ಇಬ್ಬರು ಗಂಡುಮಕ್ಕಳು, ಒಬ್ಬ ಮಗಳು, ಪಿತ್ರಾರ್ಜಿತ ಹೊಲ ಒಂಬತ್ತು ಎಕರೆ, ತಾಯಿ ಮೊದಲೇ ಇಲ್ಲ ಎಂದಿಟ್ಟುಕೊಳ್ಳಿ. ನಮ್ಮ ಮನೆಯ ಲೆಕ್ಕವೂ ಇದೇ. ತಂದೆ ಸಾಯುವ ಮುಂಚಿನ ಗಳಿಗೆಯಲ್ಲಿ ಪಾಲಾಗಿದೆ ಎಂದು ಮೊದಲು ಭಾವಿಸಬೇಕು. ಹುಟ್ಟಿನಿಂದ ಹಕ್ಕಿರುವವರು ಗಂಡಸರು ಮೂವರೇ, ತಲಾ ಮೂರು ಎಕರೆ. ಆಮೇಲೆ ತಂದೆಯ ಮೂರು ಎಕರೆಯನ್ನು ಮೂರೂ ಮಕ್ಕಳಿಗೆ ಹಂಚಬೇಕು, ತಲಾ ಒಂದು ಎಕರೆ. ಕೊನೆಗೆ ಗಂಡುಮಕ್ಕಳಿಗೆ ನಾಲ್ಕು ನಾಲ್ಕು ಎಕರೆ, ಮಗಳಿಗೆ ಒಂದು. ಆ ಒಂದನ್ನೂ ಅರಿಸಿನ ಕುಂಕುಮಕ್ಕೆಂದು ಹಕ್ಕು ಬಿಟ್ಟುಕೊಟ್ಟು ಬಂದ ಅಕ್ಕತಂಗಿಯರು ಎಷ್ಟೊಂದು ಮಂದಿ!

ಮಗಳಿಗೂ ಹುಟ್ಟಿನಿಂದಲೇ ಹಕ್ಕು ಕೊಡಲು ಆಂಧ್ರ, ತಮಿಳುನಾಡುಗಳು 1980ರ ದಶಕದಲ್ಲಿ, ಮಹಾರಾಷ್ಟ್ರ ಮತ್ತು ಕರ್ನಾಟಕ 1994ರಲ್ಲಿ ತಂತಮ್ಮ ತಿದ್ದುಪಡಿ ತಂದವು. ಕರ್ನಾಟಕದ್ದು 1994ರ ಜುಲೈ 30ರಿಂದ ಜಾರಿ. ಅದಕ್ಕೆ ಮುಂಚೆ ಮದುವೆಯಾದವರಿಗೆ ಅದು ಸಿಗಲಿಲ್ಲ. 78ರಲ್ಲಿ ಮದುವೆಯಾದ ನಮ್ಮ ಅತ್ತೆ ಹೊರಗೇ ಉಳಿದರು. ಕೇಂದ್ರದ ತಿದ್ದುಪಡಿ 2005ರ ಸೆಪ್ಟೆಂಬರ್ 9ರಂದು ಬಂದು ಮದುವೆಯ ಆ ಗೆರೆಯನ್ನು ಅಳಿಸಿತು. ಆದರೂ ತಂದೆ ಆ ದಿನ ಬದುಕಿರಬೇಕೇ ಬೇಡವೇ ಎಂದು ಹದಿನೈದು ವರ್ಷ ವಾದ ನಡೆಯಿತು. 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ವಿನೀತಾ ಶರ್ಮಾ ಪ್ರಕರಣದಲ್ಲಿ, ತಂದೆ ಬದುಕಿರಲೇಬೇಕೆಂದಿಲ್ಲ, ಮಗಳ ಹಕ್ಕು ಹುಟ್ಟಿನಿಂದ ಬಂದದ್ದು ಎಂದು ತೀರ್ಪು ಕೊಟ್ಟಿತು. 2004ರ ಡಿಸೆಂಬರ್ 20ಕ್ಕೆ ಮುಂಚೆ ಕಾಯ್ದೆಬದ್ಧವಾಗಿ ಆಗಿಹೋದ ಪಾಲು, ಮಾರಾಟಗಳಿಗೆ ಮಾತ್ರ ಧಕ್ಕೆಯಿಲ್ಲ. ಬಾಯಿಮಾತಿನ ಪಾಲನ್ನು ಸುಲಭಕ್ಕೆ ಒಪ್ಪಬಾರದು, ಅದಕ್ಕೆ ಸರ್ಕಾರಿ ದಾಖಲೆಗಳ ಬೆಂಬಲ ಇರಬೇಕು ಎಂದೂ ಹೇಳಿತು.

ಮಗನಿಗೆಂದು ಕಲ್ಯಾಣದಲ್ಲಿ ಬರೆದ ಹುಟ್ಟುಹಕ್ಕು ಮಗಳಿಗೂ ಸಿಗಲು ಸುಮಾರು ಒಂಬೈನೂರು ವರ್ಷ ಹಿಡಿಯಿತು. ನಮ್ಮ ಒಂಬತ್ತು ಎಕರೆಯಲ್ಲಿ ಅತ್ತೆಯ ಪಾಲು ಒಂದಲ್ಲ, ಮೂರು.

ಕಂಪ್ಯೂಟರಿಗೆ ಹೋದ ಅಜ್ಜ

ಹಾಗಾದರೆ ಕಂಪ್ಯೂಟರ್ ಬಂದಾಗ ಇದೆಲ್ಲ ಸರಿಯಾಗಲಿಲ್ಲವೇ ಎಂದು ನೀವು ಕೇಳಬಹುದು. ಕರ್ನಾಟಕದ 'ಭೂಮಿ' ಯೋಜನೆ ದೇಶದಲ್ಲೇ ಹೆಸರಾಯಿತು. 2000ದ ದಶಕದ ಆರಂಭದಲ್ಲಿ ಸುಮಾರು 67 ಲಕ್ಷ ರೈತರ ಸುಮಾರು ಎರಡು ಕೋಟಿ ಪಹಣಿಗಳು ಕಂಪ್ಯೂಟರಿಗೇರಿದವು. ತಾಲೂಕು ಕಚೇರಿಯ ಕಿಂಡಿಯಲ್ಲಿ 15 ರೂಪಾಯಿ ಕೊಟ್ಟರೆ ಪಹಣಿ ಕೈಗೆ ಬರುತ್ತಿತ್ತು. ಕೈಬರಹದ ಪ್ರತಿಗಾಗಿ ಕಾದು ಕೂರುವುದು ತಪ್ಪಿತು. ಆದರೆ ಹಳೆಯ ಪುಸ್ತಕದಲ್ಲಿ ಯಾರ ಹೆಸರಿತ್ತೋ ಅದೇ ಹೆಸರು ಯಂತ್ರಕ್ಕೂ ಹೋಯಿತು. ಯಾರೂ ವರ್ದಿ ಕೊಡದಿದ್ದರೆ ಖಾತೆದಾರ ತೀರಿಕೊಂಡದ್ದು ಕಂಪ್ಯೂಟರಿಗೆ ಹೇಗೆ ಗೊತ್ತಾಗಬೇಕು? ನಮ್ಮ ಅಜ್ಜನೂ ಹಾಗೇ ಕಂಪ್ಯೂಟರ್ ಸೇರಿದರು.

ಪೌತಿ ಎಂದರೆ ಸಾವು. ಅರಬ್ಬಿಯ 'ಫೌತ್' ಎಂಬ ಮಾತು ಪಾರಸಿ, ಮರಾಠಿಗಳ ದಾರಿಯಲ್ಲಿ ನಮ್ಮ ಕಚೇರಿಗೆ ಬಂದದ್ದು. ಸತ್ತವರ ಹೆಸರು ತೆಗೆದು ವಾರಸುದಾರರ ಹೆಸರು ಸೇರಿಸುವುದೇ ಪೌತಿ ಖಾತೆ. ಅರ್ಜಿ ಬಂದ ಮೇಲೆ ಆಕ್ಷೇಪಣೆಗೆ ಸಮಯ ಕೊಟ್ಟು, ತಕರಾರು ಬಾರದಿದ್ದರೆ ಖಾತೆ ಬದಲಿಸುತ್ತಾರೆ.

ಇಷ್ಟಾದರೂ ಪಹಣಿಯೇ ಒಡೆತನದ ಕೊನೆಯ ಮಾತಲ್ಲ. ಸುಳ್ಳೆಂದು ರುಜುವಾತಾಗುವ ತನಕ ಅದನ್ನು ನಿಜವೆಂದು ಭಾವಿಸಬೇಕು ಎಂದಷ್ಟೇ 1964ರ ಕಾಯ್ದೆ ಹೇಳುತ್ತದೆ. ಖಾತೆ ಬದಲಾದ ಮಾತ್ರಕ್ಕೆ ಒಡೆತನ ಬರುವುದಿಲ್ಲ, ಹೋಗುವುದೂ ಇಲ್ಲ ಎಂದು ಸುಪ್ರೀಂ ಕೋರ್ಟ್ ಹಲವು ಸಲ ಹೇಳಿದೆ. ಅಂದರೆ ವಂಶಾವಳಿಯಿಂದ ಹೆಸರು ಬಿಟ್ಟರೆ ಅಕ್ಕನ ಹಕ್ಕು ಸಾಯುವುದಿಲ್ಲ. ಆದರೆ ಅದನ್ನು ಪಡೆಯಲು ಅವಳು ಕೋರ್ಟಿನ ಮೆಟ್ಟಿಲು ಹತ್ತಬೇಕಾಗುತ್ತದೆ. ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂದು ನಮ್ಮ ಹಿರಿಯರು ಸುಮ್ಮನೆ ಹೇಳಿಲ್ಲ.

ಇದನ್ನೆಲ್ಲ ನಾನು ಕಾಕಾಗೆ ಹೇಳಿದಾಗ ಅವರು ಎರಡು ದಿನ ನನ್ನ ಹತ್ತಿರ ಮಾತಾಡಲಿಲ್ಲ. ಮೂರನೆಯ ದಿನ ತಾವಾಗಿ ಗಾಡಿ ಮಾಡಿ ನನ್ನನ್ನು ಅತ್ತೆಯ ಊರಿಗೆ ಕರೆದುಕೊಂಡು ಹೋದರು. ಅತ್ತೆ ಚಹಾ ಕೊಟ್ಟು ಎಲ್ಲವನ್ನೂ ಕೇಳಿಸಿಕೊಂಡರು. "ಹೊಲ ನೀನ ಮಾಡು, ಪೀಕೂ ನಿಂದ" ಎಂದು ತಮ್ಮನಿಗೆ ಹೇಳಿದರು. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, "ಆದ್ರ ಉತಾರದಾಗ ನನ್ನ ಹೆಸರ ಬೀಳ್ಲಿ. ನಾನೂ ಆ ಮನಿಯಾಗ ಹುಟ್ಟೇನಿ" ಎಂದರು.

ಕಾಕಾ ತಲೆ ತಗ್ಗಿಸಿ ಕೂತಿದ್ದರು. ನನಗೆ ಆಗ ಬೇರೊಂದು ನೆನಪಾಗಿ ನಾಚಿಕೆಯಾಯಿತು. ತಂದೆಯ ಪಾಲಿಗೆ ವಾರಸುದಾರರು ಯಾರೆಂದು ಕಾಕಾ ಕೇಳಿದಾಗ ನಾನು ನನ್ನ ಹೆಸರು, ಅವ್ವನ ಹೆಸರು ಹೇಳಿದ್ದೆ. ಪುಣೆಯಲ್ಲಿರುವ ನನ್ನ ತಂಗಿಯ ಹೆಸರನ್ನು ನಾನೇ ಮರೆತಿದ್ದೆ!

ಹೊಸ ವಂಶಾವಳಿ ಮಾಡಿಸಿದೆವು. ಕೆಲವು ತಿಂಗಳ ಮೇಲೆ ಪೌತಿ ಖಾತೆಯಾಯಿತು. ಈಗ 9ನೇ ಕಾಲಂನಲ್ಲಿ ಐದು ಹೆಸರುಗಳಿವೆ, ಕಾಕಾ, ಅತ್ತೆ, ಅವ್ವ, ನಾನು, ತಂಗಿ. ಪಾಲು ಮುಂದೆ ಹೇಗೆ ಆಗುತ್ತದೋ ಕೂತು ಮಾತಾಡಬೇಕು. ಜಗಳ ಬರುವುದೇ ಇಲ್ಲ ಎಂದು ನಾನು ಹೇಳಲಾರೆ. ಆದರೆ ಮಾತಾಡಲು ಕೂರಬೇಕಾದವರು ಯಾರು ಎಂಬುದು ಈಗ ಎಲ್ಲರಿಗೂ ಗೊತ್ತಿದೆ.

ನಿಮ್ಮ ಊರಿನ ಪಹಣಿಯನ್ನು ಈಗ ಇಲ್ಲಿ ಕೂತೇ ನೋಡಬಹುದು. ಸರ್ವೆ ನಂಬರು ಗೊತ್ತಿದ್ದರೆ ಸಾಕು. ಗೊತ್ತಿಲ್ಲದಿದ್ದರೆ ಮನೆಯ ಹಿರಿಯರನ್ನು ಕೇಳಿ, ಅವರು ಇರುವಾಗಲೇ ಕೇಳಿ. 9ನೇ ಕಾಲಂನಲ್ಲಿ ಯಾರ ಹೆಸರಿದೆ, ಯಾರ ಹೆಸರಿಲ್ಲ ಎಂದು ನೋಡಿ, ನಮ್ಮ ಕಾರ್ಯಕ್ರಮಕ್ಕೆ ಒಂದು ಪತ್ರ ಬರೆಯಿರಿ.